ಹದಕ್ಕೆ ಬರುತ್ತಿದ್ದ ಬಾನಿ

"ತನಿಖೆ ಪೊಲೀಸರ ಕೆಲಸ, ತೀರ್ಪು ನ್ಯಾಯಾಲಯದ ಕೆಲಸ. ತನಿಖೆ ಇನ್ನೂ ನಡೆಯುತ್ತಿರುವಾಗ ನ್ಯಾಯಾಲಯ ನಡುವೆ ಬರುವುದು ಯಾವಾಗ ಸರಿ, ಬುದ್ಧಿ?"

ಕೇಳಿದವನು ಚನ್ನವೀರ. ಮಠದ ಅನ್ನ ಉಂಡು, ಮಠದ ಶಾಲೆಯಲ್ಲೇ ಓದಿದವನು, ಈಗ ನ್ಯಾಯಾಧೀಶನಾಗಿದ್ದ. ಆ ಮಧ್ಯಾಹ್ನ ಕೋರ್ಟಿನಿಂದ ನೇರವಾಗಿ ಗುರುಗಳ ಹತ್ತಿರ ಬಂದಿದ್ದ. ಮಠದಲ್ಲಿ ಊಟಕ್ಕೆ ಎಲೆ ಹಾಕಿದರೆ ಹಸಿವಿಲ್ಲ ಎಂದು ಎದ್ದುಬಂದಿದ್ದ.

ಗುರುಗಳದು ಒರಟು ಮಾತು. ಇದಕ್ಕೆ ನಿನ್ನ ದಪ್ಪ ಪುಸ್ತಕಗಳಲ್ಲಿ ಉತ್ತರವಿಲ್ಲವೇನಯ್ಯಾ ಎಂದರು. ಇದೆ, ತೀರ ಅಪರೂಪಕ್ಕೆ ಮಾತ್ರ ಎಂದಿದೆ ಎಂದು ಚನ್ನವೀರ ಹೇಳಿದ. ಉತ್ತರ ಗೊತ್ತಿದ್ದವನು ಊಟ ಬಿಟ್ಟು ಇಷ್ಟು ದೂರ ಬರುವುದಿಲ್ಲ ಎಂದರು ಗುರುಗಳು. ಆಗ ಅವನು ಬಾಯಿ ಬಿಟ್ಟ. ಕಳವಿನ ಸಂಶಯದ ಮೇಲೆ ಪೊಲೀಸರು ಒಬ್ಬ ಹುಡುಗನನ್ನು ಹಿಡಿದಿದ್ದಾರೆ, ಅವನ ಅಕ್ಕ ಅರ್ಜಿ ಹಾಕಿಕೊಂಡಿದ್ದಳು, ತನಿಖೆ ನಡೆಯುತ್ತಿದೆ ಎಂಬ ಕಾರಣಕ್ಕೆ ಬೆಳಿಗ್ಗೆ ಅದನ್ನು ವಜಾ ಮಾಡಿ ಬಂದೆ ಎಂದ.

"ಅವಳು ಏನು ಕೇಳಿದ್ದಳು?"

"ಅದು ಇರಲಿ ಬುದ್ಧಿ. ನಾನು ಕೇಳುತ್ತಿರುವುದು ತತ್ವದ ಮಾತು."

ಸರಿ, ತತ್ವವನ್ನೇ ಕೇಳು ಎಂದು ಗುರುಗಳು ಕತೆ ಶುರುಮಾಡಿದರು.

ಒಂದು ಊರಿನಲ್ಲಿ ಒಬ್ಬ ನ್ಯಾಯಾಧಿಕಾರಿ ಇದ್ದ. ಒಳ್ಳೆಯವನು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ನೀನು ಅವನನ್ನು ಕೆಟ್ಟವನೆಂದು ಕರೆದು ಪಾರಾಗಬಾರದು. ಯಾರ ಮುಲಾಜಿಗೂ ಬಿದ್ದವನಲ್ಲ, ಯಾರ ಮನೆಯ ಊಟಕ್ಕೂ ಹೋದವನಲ್ಲ. ಬಣ್ಣಗಾರರ ಕೇರಿಯ ಪಕ್ಕದಲ್ಲಿ ಹುಟ್ಟಿ ಬೆಳೆದವನು.

ಮೊದಮೊದಲು ಅವನು ಕಳ್ಳಕಾಕರನ್ನು ಹಿಡಿಯುವ ಕೊತವಾಲನ ಕೆಲಸದಲ್ಲಿ ತಲೆಹಾಕುತ್ತಿದ್ದ. ಒಮ್ಮೆ ಒಬ್ಬ ವಿಧವೆಯ ಮನೆಯಲ್ಲಿ ಮಗಳ ಮದುವೆಗೆಂದು ಇಟ್ಟಿದ್ದ ಒಡವೆ ಕಳುವಾಯಿತು. ಕೊತವಾಲ ಜಾಡು ಹಿಡಿದು ಹಿಡಿದು ಒಬ್ಬ ವರ್ತಕನ ಉಗ್ರಾಣದ ಬಾಗಿಲಿಗೆ ಬಂದು ನಿಂತ. ವರ್ತಕ ಹಿತ್ತಲ ಬಾಗಿಲಿನಿಂದ ಓಡಿ ನ್ಯಾಯಾಧಿಕಾರಿಯ ಕಾಲು ಹಿಡಿದ. ಕೊತವಾಲನಿಗೆ ನನ್ನ ಮೇಲೆ ಹಗೆ, ನನ್ನ ಮಾನ ಬೀದಿಪಾಲಾಗುತ್ತಿದೆ ಎಂದು ಗೋಳಾಡಿದ. ನ್ಯಾಯಾಧಿಕಾರಿ ಕರಗಿದ. ಹುಡುಕುವುದನ್ನು ನಿಲ್ಲಿಸು ಎಂದು ಕೊತವಾಲನಿಗೆ ಅಪ್ಪಣೆ ಕಳಿಸಿದ. ಒಡವೆ ಅಲ್ಲೇ ಇತ್ತೆಂಬ ನಿಜ ಗೊತ್ತಾಗಿ ಅಪ್ಪಣೆಯನ್ನು ವಾಪಸು ತೆಗೆದುಕೊಳ್ಳುವಷ್ಟರಲ್ಲಿ ಉಗ್ರಾಣವನ್ನು ಗುಡಿಸಿ, ಸಾರಿಸಿ, ರಂಗೋಲಿಯನ್ನೂ ಹಾಕಿ ಆಗಿತ್ತು. ವಿಧವೆಯ ಮಗಳ ಮದುವೆ ಮುರಿದುಬಿತ್ತು. ಅವಳು ನ್ಯಾಯಾಲಯದ ಮುಂದೆ ನಿಂತು ಮಣ್ಣು ತೂರಿ ಹೋದಳು.

ಅದು ಅವನ ಎದೆಗೆ ನಾಟಿತು. ತನಿಖೆ ಮುಗಿಯುವ ತನಕ ಇನ್ನು ಮೇಲೆ ನಾನು ಕೈ ಹಾಕುವುದಿಲ್ಲ ಎಂದು ನಿಶ್ಚಯಿಸಿದ. ಊರಿನವರು ಮೆಚ್ಚಿದರು. ಮೆಚ್ಚುವ ಹಾಗೆಯೇ ಇತ್ತು, ನಾನೂ ಮೆಚ್ಚುತ್ತೇನೆ.

ಆಮೇಲೆ ಒಬ್ಬ ಸಾಹುಕಾರನ ಮನೆಯ ಬೆಳ್ಳಿಯ ದೀಪ ಕಾಣೆಯಾಯಿತು. ಅವತ್ತು ಬಣ್ಣ ಹಾಕಿದ ಸೀರೆ ಕೊಡಲು ಒಬ್ಬ ಬಣ್ಣಗಾರ ಆ ಮನೆಗೆ ಹೋಗಿದ್ದ. ಅಷ್ಟೇ ಸಾಕಾಯಿತು. ಕೊತವಾಲ ಅವನನ್ನು ವಿಚಾರಣೆಗೆಂದು ಠಾಣೆಗೆ ಎಳೆದುಕೊಂಡು ಹೋದ.

ಆ ಬಣ್ಣಗಾರ ಹಿಂದಿನ ದಿನವಷ್ಟೇ ನೀಲಿಯ ಹೊಸ ಬಾನಿ ಹೂಡಿದ್ದ. ನೀನು ಬಾನಿ ನೋಡಿರಲಿಕ್ಕಿಲ್ಲ. ನೆಲದಲ್ಲಿ ಹೂತ ದೊಡ್ಡ ಮಣ್ಣಿನ ಪಾತ್ರೆ. ನೀಲಿ, ಸುಣ್ಣ, ತಗಚೆ ಬೀಜ ಬೇಯಿಸಿದ ನೀರು ಹಾಕಿ ಮುಚ್ಚಿಟ್ಟರೆ ಅದು ಒಳಗೊಳಗೇ ಹುಳಿಯುತ್ತ ಹದಕ್ಕೆ ಬರುತ್ತದೆ. ಆ ಹೊತ್ತಿನಲ್ಲಿ ಕೈ ಹಾಕಿ ಕದಡಿದರೆ ಮುಗಿಯಿತು, ಬಟ್ಟೆಗೆ ಬಣ್ಣ ಹಿಡಿಯುವುದಿಲ್ಲ. ಗಂಡನಿಲ್ಲದ ಮನೆಯಲ್ಲಿ ಹೆಂಡತಿಯೇ ಬಾನಿ ನೋಡಿಕೊಂಡಳು. ಬೆಳಿಗ್ಗೆ ಎದ್ದ ಕೂಡಲೇ ಮುಚ್ಚಳ ತೆಗೆಯುವಳು, ಬಗ್ಗಿ ಮೂಸುವಳು, ವಾಸನೆ ಕೆಟ್ಟಂತೆ ಕಂಡರೆ ಹಿಡಿ ಸುಣ್ಣ ಉದುರಿಸಿ ಮತ್ತೆ ಮುಚ್ಚುವಳು. ಆಮೇಲೆ ಬುತ್ತಿ ಕಟ್ಟಿಕೊಂಡು ಠಾಣೆಗೆ ಹೋಗುವಳು. ಠಾಣೆಯವರು ಬುತ್ತಿ ತೆಗೆದುಕೊಳ್ಳುತ್ತಿದ್ದರು, ಗಂಡನನ್ನು ಮಾತ್ರ ತೋರಿಸುತ್ತಿರಲಿಲ್ಲ.

ಅವಳು ನ್ಯಾಯಾಧಿಕಾರಿಯ ಮುಂದೆ ಹೋಗಿ ನಿಂತಳು.

"ಅವರನ್ನು ಬಿಟ್ಟುಬಿಡಿ ಅನ್ನುವುದಿಲ್ಲ ಸ್ವಾಮಿ. ಕದ್ದಿದ್ದರೆ ಶಿಕ್ಷೆ ಕೊಡಿ. ಒಂದು ಸಲ ನಿಮ್ಮೆದುರಿಗೆ ಕರೆಸಿ, ಕಣ್ಣಾರೆ ನೋಡಿ, ಮತ್ತೆ ಅಲ್ಲಿಗೇ ಕಳಿಸಿಬಿಡಿ."

ನ್ಯಾಯಾಧಿಕಾರಿ ಗದರಲಿಲ್ಲ. ಗದರಿದ್ದರೆ ಎಷ್ಟೋ ಚೆನ್ನಾಗಿತ್ತು, ಅವಳು ಜಗಳವಾಡುತ್ತಿದ್ದಳು. ಅವನು ಮೆತ್ತಗೆ ಮಾತಾಡಿದ.

"ನೋಡಮ್ಮ, ನೀನು ಬಣ್ಣಗಾರರ ಮನೆಯವಳು. ಹದಕ್ಕೆ ಬರುತ್ತಿರುವ ಬಾನಿಗೆ ಕೈ ಹಾಕಿದರೆ ಏನಾಗುತ್ತದೆ?"

"ಕೆಡುತ್ತದೆ ಸ್ವಾಮಿ."

"ತನಿಖೆಯೂ ಹಾಗೇ ತಾಯಿ. ನಡುವೆ ಕೈ ಹಾಕಿದರೆ ಕೆಡುತ್ತದೆ. ಆಮೇಲೆ ನಿನ್ನ ಗಂಡ ಕದ್ದಿಲ್ಲ ಎಂದು ತೋರಿಸುವುದಕ್ಕೂ ದಾರಿ ಇರುವುದಿಲ್ಲ."

ಅವಳಿಗೆ ಆ ಮಾತು ಹಿಡಿಸಿಬಿಟ್ಟಿತು. ಎಡವಟ್ಟಾದದ್ದೇ ಅಲ್ಲಿ ನೋಡು. ಬೇರೆ ಯಾವ ಹೆಂಗಸಾಗಿದ್ದರೂ ಅದನ್ನು ದೊಡ್ಡವರ ಮಾತು ಎಂದು ಅಲ್ಲೇ ಕೊಡವಿಕೊಂಡು ಮತ್ತೆ ಬೇಡುತ್ತಿದ್ದಳು. ಇವಳು ಬಣ್ಣದ ಕೆಲಸದವಳು, ಅವನು ಹೇಳಿದ್ದು ಇವಳು ಬಲ್ಲ ಸತ್ಯ. ಕೈ ಮುಗಿದು ಮನೆಗೆ ಹೋದಳು. ನ್ಯಾಯಾಧಿಕಾರಿ ನಮ್ಮ ಕೆಲಸ ಬಲ್ಲವರು, ಹೆದರುವುದೇನೂ ಇಲ್ಲ ಎಂದು ನೆರೆಮನೆಯವರಿಗೂ ಹೇಳಿದಳು. ಅವತ್ತು ಹೊಟ್ಟೆತುಂಬ ಉಂಡಳು.

ಕೆಲವು ದಿನ ಕಳೆದ ಮೇಲೆ ಠಾಣೆಯಿಂದ ಗಂಡನ ಪಂಚೆಯನ್ನು ಒಗೆಯಲು ಕೊಟ್ಟು ಕಳಿಸಿದರು. ಅದರ ಮೇಲೆ ಕಲೆ ಇತ್ತು. ಯಾವುದರ ಕಲೆ ಎಂದು ಬಣ್ಣಗಾರರ ಹೆಂಗಸಿಗೆ ಯಾರು ಹೇಳಬೇಕು? ಪಂಚೆಯನ್ನು ಎದೆಗೆ ಅವಚಿಕೊಂಡು ನ್ಯಾಯಾಲಯಕ್ಕೆ ಓಡಿದಳು. ಮೆಟ್ಟಿಲ ತನಕ ಹೋದಳು. ಒಳಗೆ ನ್ಯಾಯಾಧಿಕಾರಿ ಕೂತಿದ್ದ, ಬಾಗಿಲು ತೆರೆದಿತ್ತು, ತಡೆಯುವವರು ಯಾರೂ ಇರಲಿಲ್ಲ. ಆಗ ಅವಳಿಗೆ ಅವನ ಮಾತು ನೆನಪಾಯಿತು. ಅವಸರಪಟ್ಟು ನಾನೇ ಎಲ್ಲ ಕೆಡಿಸಿಬಿಟ್ಟರೆ, ಅವರು ಸಾಯುವ ತನಕ ಕಳ್ಳ ಅನ್ನಿಸಿಕೊಂಡರೆ ಎಂದು ಹೆದರಿದಳು. ಅಲ್ಲಿಂದಲೇ ಹಿಂದಿರುಗಿದಳು. ಮನೆಗೆ ಬಂದು ಪಂಚೆಯನ್ನು ಒಗೆದು, ಹಿಂಡಿ, ಒಣಗಿಸಿ, ಮಡಿಸಿ, ಠಾಣೆಗೆ ಕೊಟ್ಟು ಬಂದಳು.

ಆ ಪಂಚೆಯನ್ನೇ ಅವನಿಗೆ ಹೊದಿಸಿ ಹೊರಗೆ ತಂದರು. ಎದೆನೋವು ಬಂದು ಸತ್ತ, ಇನ್ನು ತನಿಖೆ ಮಾಡುವುದು ಏನೂ ಉಳಿದಿಲ್ಲ ಎಂದು ಕೊತವಾಲ ಬರೆದು ಕಳಿಸಿದ.

ತನಿಖೆ ಮುಗಿಯಿತಲ್ಲ, ಈಗ ನ್ಯಾಯಾಧಿಕಾರಿ ಎದ್ದ. ಏನು ಎದ್ದ ಅಂತೀಯ! ಹೆಣದ ಮೈಮೇಲಿನ ಬಾಸುಂಡೆಗಳನ್ನು ಕಣ್ಣಾರೆ ನೋಡಿದ. ಠಾಣೆಯ ಒಬ್ಬೊಬ್ಬನನ್ನೂ ಕರೆಸಿ ಕೇಳಿದ. ಸಾಹುಕಾರನ ಮನೆಯನ್ನು ಶೋಧಿಸಿದಾಗ ದೀಪ ಅವನ ಮನೆಯ ಅಟ್ಟದಲ್ಲೇ ಸಿಕ್ಕಿತು. ಸೊಸೆ ಹಳೆಯ ಪಾತ್ರೆಗಳ ಜೊತೆ ಎತ್ತಿಟ್ಟು ಮರೆತಿದ್ದಳು. ಬಣ್ಣಗಾರ ನಿರಪರಾಧಿ ಎಂದು ನ್ಯಾಯಾಧಿಕಾರಿ ಊರಿಗೆಲ್ಲ ಕೇಳುವಂತೆ ಓದಿ ಹೇಳಿದ. ಕೊತವಾಲನನ್ನು ಸೆರೆಗೆ ಹಾಕಿಸಿದ. ಅಂಥ ತೀರ್ಪನ್ನು ಆ ಊರು ಕಂಡಿರಲಿಲ್ಲ. ಜನ ಅವನನ್ನು ಧರ್ಮರಾಯ ಎಂದು ಕರೆದರು. ಬಣ್ಣಗಾರನ ಹೆಂಡತಿ ತೀರ್ಪು ಕೇಳಲು ಬರಲಿಲ್ಲ.

ಸೂತಕದ ಮನೆ, ಬಾನಿಯ ಹತ್ತಿರ ಯಾರೂ ಹೋಗಿರಲಿಲ್ಲ. ಕೈ ಹಾಕಿದವರೂ ಇಲ್ಲ, ಮುಚ್ಚಳ ತೆಗೆದವರೂ ಇಲ್ಲ. ಅದು ಒಳಗೇ ಕೊಳೆತು ಕೇರಿಯೆಲ್ಲ ನಾರತೊಡಗಿತು. ನೆರೆಯವರು ಬೇಡಿಕೊಂಡ ಮೇಲೆ ಅವಳು ಎದ್ದು, ತಂಬಿಗೆಯಲ್ಲಿ ಮೊಗೆದು ಮೊಗೆದು ಬಚ್ಚಲಿಗೆ ಚೆಲ್ಲಿದಳು. ಅದೇ ಹೊತ್ತಿಗೆ ನ್ಯಾಯಾಧಿಕಾರಿ ಆ ದಾರಿಯಲ್ಲಿ ಬಂದ. ಇದೇನು ಹೊಲಸು ನಾತ ಎಂದು ಕೇಳಿದ. ಬಣ್ಣಗಾರನ ಬಾನಿ ಸ್ವಾಮಿ ಎಂದರು. ಪಾಪ ಎಂದು ಮರುಗಿ, ಉತ್ತರೀಯವನ್ನು ಮೂಗಿಗೆ ಒತ್ತಿಕೊಂಡು ಹೋದ.

ಗುರುಗಳು ಕತೆ ನಿಲ್ಲಿಸಿ ನೀರು ಕುಡಿದರು. ಹಾಗಾದರೆ ನ್ಯಾಯಾಧಿಕಾರಿಯ ನಿಯಮವೇ ತಪ್ಪಾಗಿತ್ತೇ ಬುದ್ಧಿ ಎಂದು ಚನ್ನವೀರ ಕೇಳಿದ. ನಿಯಮಕ್ಕೇನಾಗಿತ್ತು, ಬಾನಿಗೆ ಕೈ ಹಾಕಬಾರದು ಅನ್ನುವುದು ಇವತ್ತಿಗೂ ನಿಜವೇ, ಅವಳು ಕೇಳಿದ್ದು ಮುಚ್ಚಳ ತೆಗೆದು ನೋಡಿ ಎಂದಷ್ಟೇ ಎಂದರು ಗುರುಗಳು. ಆಮೇಲೆ ಅವರ ದನಿಯ ಒರಟುತನವೆಲ್ಲ ಇಳಿದುಹೋಯಿತು.

"ಆಗಲೇ ಕೇಳಿದ್ದೆ, ನೀನು ಹೇಳಲಿಲ್ಲ. ಆ ಹುಡುಗನ ಅಕ್ಕ ನಿನ್ನನ್ನು ಏನು ಕೇಳಿದ್ದಳು, ಚನ್ನವೀರ?"