ಮರ್ಜಾನ್ ಕೊಟ್ಟ ಬಾಂಗು

"ಕೇಳಿರಪ್ಪೋ ಕೇಳಿರಿ! ಶಹಜಾದಿ ರುಕೈಯಾ ಹಾಕುವ ಮೂರು ಒಗಟು ಬಿಡಿಸಿದವರು ಬೇಡಿದ್ದನ್ನು ಪಡೆಯುವರು. ತಪ್ಪಿದವರ ತಲೆ ಉರುಳುವುದು!" ಎಂದು ಸುಲ್ತಾನನ ಡಂಗುರ ಊರೆಲ್ಲ ಸುತ್ತಿತು.

ಶಹಜಾದಿಯ ಕೈಯನ್ನೇ ಬೇಡುವ ಆಸೆಯಿಂದ ಇಬ್ಬರು ಸರದಾರ ಪುತ್ರರು ಅತ್ತರು ಬಳಿದುಕೊಂಡು ಬಂದರು. ಅವರ ಹಿಂದೆ ನಿಂತವನು ಮರ್ಜಾನ್, ಅರಮನೆಗೆ ನೀರು ಹೊರುವ ಹಬ್ಶಿ ಗುಲಾಮ. ಅವನ ತಾಯಿ ಅರಮನೆಯ ಅಡುಗೆಮನೆಯಲ್ಲಿ ದಾಸಿ. ನಮಾಜಿಗೆ ಏಳಬೇಕಾದರೂ ಆಕೆ ಅಪ್ಪಣೆ ಕೇಳಬೇಕು. ನಾಳೆ ಅವಳನ್ನು ಹಡಗಿನ ವ್ಯಾಪಾರಿಗೆ ಮಾರುವುದೆಂದು ಗೊತ್ತಾಗಿತ್ತು. ಮರ್ಜಾನನಿಗೆ ಬೇಕಿದ್ದುದು ಅವಳ ಬಿಡುಗಡೆ.

ಪರದೆಯ ಹಿಂದಿನಿಂದ ಶಹಜಾದಿ ಕೇಳಿದಳು: "ಮದೀನದಲ್ಲಿ ಪ್ರವಾದಿಯವರ ಮಸೀದಿ ಎದ್ದಿತ್ತು. ಜನರನ್ನು ನಮಾಜಿಗೆ ಕರೆಯಲು ಕೆಲವರು ಕಹಳೆ ಎಂದರು, ಕೆಲವರು ಗಂಟೆ, ಕೆಲವರು ಬೆಂಕಿ. ಯಾವುದೂ ನಿಲ್ಲಲಿಲ್ಲ. ಕೊನೆಗೆ ಯಾವ ವಾದ್ಯ ಕರೆಯಿತು?"

"ನಗಾರಿ!" ಎಂದ ಮೊದಲನೆಯವನನ್ನು ಕಾವಲಿನವರು ಎಳೆದೊಯ್ದರು.

"ಮನುಷ್ಯಾನ ಗಂಟಲರೀ," ಎಂದ ಮರ್ಜಾನ್. "ಅದನ್ನ ಕೊಳ್ಳಬೇಕಾಗಿಲ್ಲ. ಬಡವನ ಹತ್ರಾನೂ ಇರತದ."

"ಆ ಕರೆಯ ಮಾತು ಮೊದಲು ಪ್ರವಾದಿಯವರ ಒಬ್ಬ ಸಂಗಾತಿಗೆ ಕೇಳಿಸಿದಾಗ ಅವನ ಕಣ್ಣು ಮುಚ್ಚಿತ್ತು. ಕೇಳಿಸಿದ್ದೆಲ್ಲಿ?"

"ಗುಹೆಯಲ್ಲಿ!" ಎಂದು ಎರಡನೆಯವನೂ ಕೆಟ್ಟ.

"ಕನಸಿನಾಗ್ರೀ. ನಮ್ಮವ್ವ ಈ ಕತಿ ಹೇಳೇ ನನ್ನ ಮಲಗಸ್ತಿದ್ಲು."

"ಕೊನೆಯದು. ಒಡೆಯನೊಬ್ಬ ತನ್ನ ಗುಲಾಮನನ್ನು ಸುಡುವ ಮರಳಿನಲ್ಲಿ ಕೆಡವಿ ಎದೆಯ ಮೇಲೆ ಬಂಡೆ ಹೇರಿದ್ದ. ಮುಂದೆ ಅವನೇ ಮೊದಲಿಗನಾಗಿ ಕೂಗಿದ ಮಾತಿಗೆ ಇಂದಿಗೂ ಸುಲ್ತಾನರು ಎದ್ದು ನಿಲ್ಲುತ್ತಾರೆ. ಯಾರವನು?"

ಸುಲ್ತಾನ ಗಹಗಹಿಸಿ ನಕ್ಕ. "ಗುಲಾಮನ ಮಾತಿಗೆ ಸುಲ್ತಾನ ಏಳುವುದೇ? ಎಲ್ಲಿಯ ಮಾತು ಮಗಳೇ!"

ಮರ್ಜಾನ್ ಕಿಟಕಿಯಾಚೆ ನೋಡಿದ. ನೆರಳು ಉದ್ದವಾಗಿತ್ತು, ಅಸರ್ ನಮಾಜಿನ ಹೊತ್ತು. ಅವನು ನೀರಿನ ತೊಗಲು ಚೀಲ ಕೆಳಗಿಟ್ಟು, ಪಶ್ಚಿಮಕ್ಕೆ ತಿರುಗಿ, ಕಿವಿಗೆ ಬೆರಳಿಟ್ಟು ಬಾಂಗು ಕೊಟ್ಟ. "ಅಲ್ಲಾಹು ಅಕ್ಬರ್..."

ಎಂಥ ಕಂಠವದು! ದರ್ಬಾರಿನ ಪಿಸುಮಾತೆಲ್ಲ ಅಡಗಿತು. ಬಾಂಗು ಕೇಳಿದರೆ ಮಾತು ನಿಲ್ಲಿಸಿ ಅದನ್ನೇ ಮೆಲ್ಲಗೆ ನುಡಿಯುವುದು ಸುಲ್ತಾನನಿಗೆ ಬಾಲ್ಯದ ರೂಢಿ. ತುಟಿ ತಾನಾಗಿ ಅಲುಗಿತು. ನಮಾಜಿಗೆ ಬನ್ನಿರೆಂಬ ಕರೆ ಬರುತ್ತಲೇ ಸಿಂಹಾಸನ ಬಿಟ್ಟು ಎದ್ದ. ತನ್ನ ನೀರಾಳಿನ ಮುಂದೆ ತಾನು ನಿಂತಿದ್ದೇನೆಂದು ಅವನಿಗೆ ಹೊಳೆದದ್ದು ಬಾಂಗು ಮುಗಿದ ಮೇಲೆಯೇ.

"ಹಜರತ್ ಬಿಲಾಲರು, ಹುಜೂರ್," ಎಂದ ಮರ್ಜಾನ್. "ನಮ್ಮಂಗ ಹಬ್ಶಿ ಗುಲಾಮರಾಗಿದ್ರು. ಬಿಡುಗಡಿ ಆದ ಮ್ಯಾಲೆ ಮೊದಲ ಬಾಂಗು ಕೊಟ್ಟೋರು ಅವರೇ."

"ಉತ್ತರ ಹೇಳುವ ಮೊದಲೇ ನೀನು ತೋರಿಸಿಬಿಟ್ಟೆ," ಎಂದಳು ಶಹಜಾದಿ.

ಸುಲ್ತಾನನ ಕಣ್ಣು ತೇವವಾಗಿತ್ತು. ತಾಯಿ, ಮಗ ಇಬ್ಬರಿಗೂ ಬಿಡುಗಡೆ ಕೊಟ್ಟ. ಮರ್ಜಾನ್ ಬೇಡಿಕೊಂಡದ್ದರಿಂದ ಸರದಾರ ಪುತ್ರರ ತಲೆಗಳೂ ಉಳಿದವು.

ಅಂದು ಸಂಜೆ, ಸುಲ್ತಾನನ ಕೋರಿಕೆಯಂತೆ, ಅರಮನೆ ಮಸೀದಿಯ ಹೊಸ ಮಿನಾರಿನಿಂದ ಮರ್ಜಾನನ ಬಾಂಗು ಕೇಳಿಸಿತು. ಅಡುಗೆಮನೆಯಲ್ಲಿ ಅವನ ತಾಯಿ ಹಿಟ್ಟಿನ ಕೈ ತೊಳೆದಳು. ಯಾರ ಅಪ್ಪಣೆಯನ್ನೂ ಕೇಳದೆ ಎದ್ದು ನಮಾಜಿಗೆ ಹೋದಳು.