ಡಂಕಣ್ಣನ ಜರ್ಸಿ

ಬಹಳ ಹಿಂದೆ, ಹೊಳೆದಂಡೆಗೆ ಹತ್ತಿ ಗಿರಣಿ ಇದ್ದ ಒಂದು ಊರಿನಲ್ಲಿ, ಗಂಟಿಮನಿ ಎಂಬ ಮನೆತನವಿತ್ತು. ಚರ್ಚಿಗೆ ಗಂಟೆ ಬಂದ ದಿನದಿಂದ ಅದನ್ನು ಬಾರಿಸುತ್ತ ಬಂದವರು ಆ ಮನೆಯವರೇ. ಗಿರಣಿ ಮಕ್ಕಳಿಗೆ ಮೊದಲು ಅಕ್ಷರ ತಿದ್ದಿಸಿದವರೂ ಅವರೇ. ಜಗಳಾಡಿದ ಅಣ್ಣತಮ್ಮಂದಿರು ಅವರ ಕಟ್ಟೆಯ ಮೇಲೆ ಕೂತು ರಾಜಿಯಾಗಿ ಏಳುತ್ತಿದ್ದರು. ಆ ಮನೆಯ ಗಂಡಸರು ಹೆಂಡದಂಗಡಿಯ ಓಣಿಯನ್ನು ತುಳಿದವರಲ್ಲ. ಪೇಟೆಗೆ ಹೋಗಬೇಕಾದರೆ ಸುತ್ತು ಹಾಕಿ ಹೊಳೆಯ ದಾರಿ ಹಿಡಿಯುತ್ತಿದ್ದರು. ಆ ಮನೆಗೆ ಸೊಸೆಯಾಗಿ ಬಂದವಳು ಮಾರ್ಥವ್ವ. ಕಾನ್ವೆಂಟಿನಲ್ಲಿ ಓದಿದವಳು, ಸೆರಗಿಗೆ ಪಿನ್ನು ಹಾಕದೆ ಹೊಸ್ತಿಲು ದಾಟದವಳು. ಜಕ್ರಪ್ಪ ಆಕೆಯ ಒಬ್ಬನೇ ಮಗ. ಮುಂದೆ ಬರುವ ಮಾತು ಎಂಥ ಮನೆಯ ಮೇಲೆ ಬಿತ್ತು ಎಂಬುದು ತಿಳಿದಿರಲೆಂದು ಇಷ್ಟನ್ನು ಮೊದಲೇ ಹೇಳಬೇಕು.

ಆ ಗಿರಣಿಗೆ ಸ್ಕಾಟ್ಲೆಂಡಿನಿಂದ ಒಬ್ಬ ಮಗ್ಗದ ಮಿಸ್ತ್ರಿ ಬಂದ. ಹೆಸರು ಡಂಕನ್. ಊರಿನವರ ಬಾಯಲ್ಲಿ ಡಂಕಣ್ಣನಾದ. ತನ್ನ ದೇಶದಲ್ಲಿ ಅವನು ಒಂದು ಫುಟ್ಬಾಲ್ ತಂಡ ಕಟ್ಟಿದವನಂತೆ. ಆಟಗಾರರನ್ನು ಆರಿಸುವವನೂ ಅವನೇ, ಅವರ ಜೊತೆ ಆಡುವವನೂ ಅವನೇ. ಅದನ್ನು ಬಿಟ್ಟು ಯಾಕೆ ಬಂದ ಎಂದು ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ನಿಜ ಯಾರಿಗೂ ಗೊತ್ತಿಲ್ಲ.

ಅವನು ಒದ್ದ ಚೆಂಡು ಗಿರಣಿಯ ಚಿಮಣಿಯೊಳಗೆ ಬಿದ್ದು ಕೆಳಗೆ ಒಲೆಯ ಬಾಯಿಂದ ಉರುಳಿ ಬಂತು ಎನ್ನುತ್ತಾರೆ. ಚರ್ಮದ ಚೆಂಡು ಬೆಂಕಿಯಲ್ಲಿ ಉಳಿಯುವುದಿಲ್ಲ, ಆದರೂ ಹಾಗೆನ್ನುತ್ತಾರೆ. ನೇಕಾರರ ಕಾಲಲ್ಲಿ ಬೂಟು ಇಲ್ಲವೆಂದು ತಾನೂ ಬೂಟು ಬಿಚ್ಚಿ, ಜಾಲಿಮುಳ್ಳು ತುಳಿಯುತ್ತ ಅವರಿಗೆ ಆಟ ಕಲಿಸಿದ ಎನ್ನುತ್ತಾರೆ. ಇದು ಮಾತ್ರ ನಿಜ.

ಡಂಕಣ್ಣ ಎರಡು ಕಟ್ಟಳೆ ಮಾಡಿದ್ದ. ಆಟದ ದಿನ ಗಿರಣಿಯ ಬಾಗಿಲಿಗೆ ಒಂದು ಹಗ್ಗ ಕಟ್ಟಿ, ತಾನೇ ಒಗೆದ ಕೆಂಪು ಜರ್ಸಿಗಳನ್ನು ತೂಗುಹಾಕುತ್ತಿದ್ದ. ಕೊರಳಪಟ್ಟಿಯ ಬಣ್ಣದ ನೂಲು ನೋಡಿ ಯಾರದು ಯಾವುದೆಂದು ತಿಳಿಯಬೇಕು. ಹಗ್ಗದ ಮೇಲೆ ಜರ್ಸಿ ಇದ್ದವನು ಆಡಬೇಕು, ಇಲ್ಲದವನು ಸುಮ್ಮನೆ ಕೂಡಬೇಕು. ಎಡತುದಿಗೆ ಎಂದಿಗೂ ಡಂಕಣ್ಣನ ಜರ್ಸಿಯೇ. ಇದು ಒಂದನೆಯದು. ಎರಡನೆಯದು, ಆಟದಲ್ಲಿ ಯಾರನ್ನಾದರೂ ತಪ್ಪಾಗಿ ಕೆಡವಿದವನು ಅಲ್ಲೇ, ಎಲ್ಲರ ಕಣ್ಣೆದುರೇ, ಬಿದ್ದವನ ಕೈ ಹಿಡಿದು "ತಪ್ಪಾತು" ಎನ್ನಬೇಕು. ಅನ್ನುವ ತನಕ ಚೆಂಡು ಮುಟ್ಟುವಂತಿಲ್ಲ. ಎಂಥೆಂಥ ಸೊಕ್ಕಿನ ಆಳುಗಳಿಂದ ಅವನು ಆ ಮಾತು ಅನ್ನಿಸಿದ್ದ.

ಹೀಗೆ ವರ್ಷಗಳು ಹೋದವು. ತಂಡ ಗೆದ್ದಿತು, ಮತ್ತೆ ಗೆದ್ದಿತು. ಡಂಕಣ್ಣನ ತಲೆ ಬೆಳ್ಳಗಾಯಿತು, ಮೊಳಕಾಲು ಸೋತಿತು. ಅವನೇ ಕಲಿಸಿದ ಜಕ್ರಪ್ಪ ಅವನನ್ನು ಮೀರಿಸಿ ಆಡತೊಡಗಿದ. ಗೋಲು ಕಾಯುವ ಹುಸೇನಸಾಬ ಬಾಯಿ ಬಿಗಿ ಹಿಡಿಯುವವನಲ್ಲ. "ಡಂಕಣ್ಣಾ, ನಿಮ್ಮ ಮೊಳಕಾಲು ಮಗ್ಗಕ್ಕಿಂತ ಜೋರ ಸಪ್ಪಳ ಮಾಡಾಕತ್ತೈತಲ್ರಿ. ಎಣ್ಣಿ ಬಿಡ್ಲೇನು?" ಎಂದ. ಎಲ್ಲರೂ ನಕ್ಕರು. ಡಂಕಣ್ಣನೂ ನಕ್ಕ.

ದಂಡಿನ ಸಿಪಾಯಿಗಳ ತಂಡದ ಮೇಲೆ ದೊಡ್ಡ ಶೀಲ್ಡಿನ ಆಟ ಬಂತು. ಮುಂದಿನ ಸಾಲಿನ ನಡುವಿನ ಜಾಗ ಒಂದೇ. ಅಲ್ಲಿ ಈ ಸಲ ಜಕ್ರಪ್ಪನೇ ನಿಲ್ಲಬೇಕೆಂದು ಊರಿಗೆಲ್ಲ ಗೊತ್ತಿತ್ತು, ಡಂಕಣ್ಣನಿಗೂ ಗೊತ್ತಿತ್ತು. ಹಗ್ಗದ ಮುಂದೆ ಅವನು ಎರಡೂ ಜರ್ಸಿ ಹಿಡಿದು ನಿಂತ. ಮೊದಲು ಜಕ್ರಪ್ಪನದನ್ನು ತೂಗುಹಾಕಿದ. ಆಮೇಲೆ ತೆಗೆದ. ತನ್ನದನ್ನು ಹಾಕಿದ.

ಜನ ಬಂದು ನೋಡಿದರು. ಜಕ್ರಪ್ಪನದು ಎಲ್ಲಿ ಎಂದು ಕೇಳಿದರು. ನಾನು ಆಡಬೇಕು ಎಂದು ಡಂಕಣ್ಣ ಅಂದಿದ್ದರೆ ಮುಗಿಯುತ್ತಿತ್ತು. ತಂಡ ಕಟ್ಟಿದವನ ಆಸೆ ಎಂದು ಊರು ಒಪ್ಪುತ್ತಿತ್ತು. ಆದರೆ ಮುದುಕನಿಗೆ ಆಸೆ ಹೇಳಿಕೊಳ್ಳಲು ನಾಚಿಕೆಯಾಯಿತು. ಆ ಸಣ್ಣ ನಾಚಿಕೆಯನ್ನು ಮುಚ್ಚಲು ಹೋಗಿ ಅವನು ಅಂದ: "ಅಂವ ಕುಡದಾನ."

ಆ ಹೊತ್ತಿಗೆ ಚರ್ಚಿನಲ್ಲಿ ಮದುವೆಯ ಗಂಟೆ ಬಾರಿಸುತ್ತಿತ್ತು. ಬಾರಿಸುತ್ತಿದ್ದವನು ಜಕ್ರಪ್ಪ. ಒಂದೊಂದು ಪೆಟ್ಟೂ ಅಚ್ಚುಕಟ್ಟಾಗಿ, ಸಮನಾಗಿ ಬೀಳುತ್ತಿತ್ತು. ಜನರೆಲ್ಲ ಅದನ್ನು ಕೇಳುತ್ತಲೇ ಡಂಕಣ್ಣನ ಮಾತನ್ನು ನಂಬಿದರು, ಯಾಕೆಂದರೆ ಅವನು ಎಂದೂ ಸುಳ್ಳು ಆಡಿದವನಲ್ಲ. ಆ ಪೆಟ್ಟುಗಳು ಕುಡಿದವನ ಕೈಯವಲ್ಲ ಎಂದು ಕೇಳಿಸಿದ್ದು ಡಂಕಣ್ಣನೊಬ್ಬನಿಗೇ.

ಆಟ ಸೋತರು. ಗೋಲಿನ ಬಾಯಿಯಲ್ಲಿ ಚೆಂಡು ಡಂಕಣ್ಣನ ಕಾಲಿಗೆ ಬಂದು ಬಿದ್ದಿತ್ತು. ಮೊಳಕಾಲು ಮಡಚಿತು, ಕುಸಿದ. ಸೋಲನ್ನು ಊರು ಮರೆಯಿತು. ಮಾತನ್ನು ಮರೆಯಲಿಲ್ಲ. ಜಕ್ರಪ್ಪ ಕುಡಿದಿದ್ದನಂತೆ ಎಂದರು. ದಿನಾ ಕುಡಿಯುತ್ತಾನಂತೆ ಎಂದರು. ಅಂದು ಗಂಟೆ ಅಡ್ಡಾದಿಡ್ಡಿ ಬಾರಿಸಿತ್ತು, ನಾವೇ ಕೇಳಿದೆವು ಎನ್ನುವವರೂ ಹುಟ್ಟಿಕೊಂಡರು. ಚರ್ಚಿನ ಹಿರಿಯರು ಸೇರಿ ಗಂಟೆಯ ಹಗ್ಗವನ್ನು ಆ ಮನೆಯಿಂದ ಕಿತ್ತುಕೊಂಡರು. ಮುಂದಿನ ಭಾನುವಾರ ಬೇರೊಬ್ಬರು ಗಂಟೆ ಬಾರಿಸಿದರು. ಮಾರ್ಥವ್ವ ತನ್ನ ಬೆಂಚಿನಲ್ಲಿ ನೆಟ್ಟಗೆ ಕೂತೇ ಇದ್ದಳು. ಪಕ್ಕದಲ್ಲಿ ಕೂಡಲು ಯಾರೂ ಬರಲಿಲ್ಲ.

ಡಂಕಣ್ಣನಿಗೆ ಅನ್ನ ರುಚಿಸಲಿಲ್ಲ. ಗಿರಣಿಯ ಒಳ್ಳೆಯ ಬಟ್ಟೆಯ ಒಂದು ಸುರುಳಿ ಹೊತ್ತು ಮಾರ್ಥವ್ವನ ಮನೆಗೆ ಹೋದ. ತಪ್ಪು ತನ್ನದೇ, ಹುಡುಗ ಕುಡಿದಿರಲಿಲ್ಲ ಎಂದು ಪಡಸಾಲೆಯಲ್ಲಿ ಪಿಸುಮಾತಿನಲ್ಲಿ ಹೇಳಿದ. ಮಾರ್ಥವ್ವ ಕುರ್ಚಿ ಕೊಟ್ಟಳು, ಚಹಾ ಕೊಟ್ಟಳು. ಬಟ್ಟೆಯನ್ನು ಮುಟ್ಟಲಿಲ್ಲ.

"ಎಲ್ಲಿ ನಿಂತು ಅಂದ್ರಿ, ಅಲ್ಲೇ ನಿಂತು ಅನ್ರಿ," ಎಂದಳು.

ಅವನು ಹೋದ ಮೇಲೆ ಜಕ್ರಪ್ಪ, "ಬಿಡಬೇ ಯವ್ವಾ, ಮುದುಕ ಅದಾನ. ನನಗ ಆಟ ಕಲಿಸ್ಯಾನ," ಎಂದ.

"ಆಟ ಕಲಿಸ್ಯಾನ. ಹೆಸರು ಅಂವ ಕೊಟ್ಟಿದ್ದಲ್ಲ, ಅದು ಮೊದಲಿಂದ ನಮ್ಮನ್ಯಾಗ ಇತ್ತು," ಎಂದಳು ಮಾರ್ಥವ್ವ.

ಮುಂದಿನ ವರ್ಷದ ಮೊದಲ ಆಟ ಬಂತು. ಗಿರಣಿಯ ಬಾಗಿಲಿಗೆ ಹಗ್ಗ ಕಟ್ಟಿದರು. ಮಾರ್ಥವ್ವ ಬಿಳಿ ಸೀರೆ ಉಟ್ಟು, ಕೊಡೆ ಹಿಡಿದು, ಜನರ ನಡುವೆ ಬಂದು ನಿಂತಳು. ಡಂಕಣ್ಣ ಎಡತುದಿಗೆ, ತನ್ನ ಜಾಗದಲ್ಲಿ, ಜಕ್ರಪ್ಪನ ಜರ್ಸಿ ತೂಗುಹಾಕಿದ. ತಿರುಗಿ ನಿಂತ. ಬಾಯಿ ತೆರೆದ. ಬೇರೆಯವರಿಂದ ಅಷ್ಟು ಸಲ ಅನ್ನಿಸಿದ ಒಂದು ಮಾತು. ಅವನ ಕುತ್ತಿಗೆ ಕೆಂಪಾಯಿತು, ಕಿವಿ ಕೆಂಪಾದವು, ತುಟಿ ಅಲುಗಿದವು. ಮಾತು ಬರಲಿಲ್ಲ. ತನ್ನ ಜರ್ಸಿಯನ್ನು ಹುಸೇನಸಾಬನ ಕೈಗೆ ಕೊಟ್ಟು, ತಲೆ ತಗ್ಗಿಸಿ ಮಗ್ಗಗಳ ಕಡೆ ನಡೆದುಬಿಟ್ಟ.

ಅದೇ ಕ್ಷಮೆ ಎಂದರು ಊರವರು. ಇನ್ನೇನು ಬೇಕು ಎಂದರು. ಹಿರಿಯರಿಗೂ ಸತ್ಯ ಅರ್ಥವಾಗಿ ಗಂಟೆಯ ಹಗ್ಗವನ್ನು ಗಂಟಿಮನಿಗೆ ಮರಳಿಸಿದರು. ಮಾರ್ಥವ್ವ ಹಗ್ಗ ತೆಗೆದುಕೊಂಡಳು, ಆದರೆ ಅದು ಕ್ಷಮೆಯಲ್ಲ ಎಂದಳು. ಬೇಡುವವನು ಬಾಯಿಬಿಟ್ಟು ಬೇಡಿದರೆ ಮಾತ್ರ ಕ್ಷಮೆ ಎಂದಳು.

ಡಂಕಣ್ಣ ಮತ್ತೆ ಚೆಂಡು ಮುಟ್ಟಲಿಲ್ಲ. ಕೊನೆಯವರೆಗೂ ಜರ್ಸಿ ಒಗೆದ, ತೂಗುಹಾಕಿದ, ಯಾರಾದರೂ ಬರುವ ಮೊದಲೇ ಸರಿದುಹೋದ. ಚರ್ಚಿನ ಮುಂದೆ ಹಾಯಲಾರದೆ ಸುತ್ತು ಹಾಕಿ ಹೊಳೆಯ ದಾರಿ ಹಿಡಿಯುತ್ತಿದ್ದ ಎನ್ನುತ್ತಾರೆ. ಸತ್ತಾಗ ಜಕ್ರಪ್ಪನೇ ಗಂಟೆ ಬಾರಿಸಿದ. ಒಂದು ಪೆಟ್ಟೂ ಹೆಚ್ಚುಕಡಿಮೆಯಾಗಲಿಲ್ಲ.

ಈಗ ಗಿರಣಿ ಇಲ್ಲ, ಬಾಗಿಲ ಕಂಬಗಳಿವೆ. ವರ್ಷದ ಮೊದಲ ಆಟದ ದಿನ ಆ ಕಂಬಗಳಿಗೆ ಇಂದಿಗೂ ಹಗ್ಗ ಕಟ್ಟುತ್ತಾರೆ. ಎಡತುದಿಗೆ ಡಂಕಣ್ಣನ ಜರ್ಸಿ ತೂಗುತ್ತದೆ. ಹರಿದಲ್ಲೆಲ್ಲ ನೂಲು ತುಂಬಿ ತುಂಬಿ ಈಗ ಹಳೆಯ ಎಳೆ ಉಳಿದಿದೆಯೋ ಇಲ್ಲವೋ. ಗಂಟಿಮನಿಯ ಹಿರಿಯ ಹೆಣ್ಣುಮಗಳು ಕೊಡೆ ಹಿಡಿದು ಅದರ ಮುಂದೆ ಬಂದು ನಿಲ್ಲುತ್ತಾಳೆ. ಒಂದು ವರ್ಷ ತಂಡದ ಮ್ಯಾನೇಜರನೊಬ್ಬ ಮುಂದೆ ಬಂದು, ಅವನ ಪರವಾಗಿ ನಾನೇ ತಪ್ಪಾತು ಅಂತೀನ್ರೀ ಎಂದನಂತೆ. ತಪ್ಪು ನಿಮ್ಮದಲ್ಲ, ಬಾಜೂಕ ಸರೀರಿ ಎಂದಳಂತೆ ಆಕೆ.

ಸೀಟಿ ಹಿಡಿದವನು ಕಾಯುತ್ತಾನೆ. ಎರಡೂ ತಂಡಗಳು ಕಾಯುತ್ತವೆ. ಆಕೆ ಜರ್ಸಿಯನ್ನೇ ನೋಡುತ್ತ ಹೇಳುತ್ತಾಳೆ:

"ಡಂಕಣ್ಣಾ, ತಪ್ಪಾತು ಅನ್ರಿ."