ಸೂಜಿಗಲ್ಲಮ್ಮನವರು ಮುಟ್ಟದ ರೇಷ್ಮೆ

ಲೋಕ ಇನ್ನೂ ಹೊಸದಾಗಿದ್ದ ಕಾಲ. ಬೆಟ್ಟಗಳ ಮೈಬಿಸಿ ಆರಿರಲಿಲ್ಲ. ಯಾವ ಕಡೆ ಹರಿಯಬೇಕೆಂದು ನದಿಗಳು ಇನ್ನೂ ಯೋಚಿಸುತ್ತಿದ್ದವು. ಆಗಲೇ ಸೂಜಿಗಲ್ಲಮ್ಮನವರ ಮನೆತನಕ್ಕೆ ದೊಡ್ಡ ಹೆಸರಿತ್ತು.

ಅವರದು ಕಬ್ಬಿಣದ ಮನೆತನ. ಅವರ ಮುತ್ತಜ್ಜಿ ಭೂಮಿಯ ಹೊಟ್ಟೆಯೊಳಗೆ, ಕುದಿಯುವ ಕಬ್ಬಿಣದ ಪಕ್ಕದಲ್ಲಿ ಕುಳಿತು, ಇಡೀ ಭೂಮಿಗೆ ಸಾಲುವಷ್ಟು ದೊಡ್ಡ ಸೆರಗು ನೇಯ್ದರು. ಅದು ಕಣ್ಣಿಗೆ ಕಾಣುವ ಸೆರಗಲ್ಲ. ಆದರೆ ಸೂರ್ಯನ ಕಡೆಯಿಂದ ಹಾರಿ ಬರುವ ಬಿಸಿ ಧೂಳು ನೆಲಕ್ಕೆ ಬೀಳದ ಹಾಗೆ ಅದು ಕಾಯುತ್ತಿತ್ತು. ಅವರ ಅಜ್ಜಿ ಆ ಸೆರಗಿನ ಒಂದು ತುದಿಯನ್ನು ಉತ್ತರದ ಮಂಜುಗಡ್ಡೆಗೂ ಇನ್ನೊಂದನ್ನು ದಕ್ಷಿಣದ ಮಂಜುಗಡ್ಡೆಗೂ ಬಿಗಿಯಾಗಿ ಗಂಟು ಹಾಕಿದರು. ಅವರ ತಾಯಿ ಸೆರಗಿನ ಎಳೆಯೊಂದನ್ನು ಬೆರಳಿಗೆ ಸುತ್ತಿಕೊಂಡು, ದಾರಿ ಕೇಳಿದವರಿಗೆ ಉತ್ತರ ದಿಕ್ಕು ತೋರಿಸುವ ಪದ್ಧತಿ ಶುರು ಮಾಡಿದರು. ಅಂದಿನಿಂದ ಆ ಮನೆಯ ಮಾತು ಒಮ್ಮೆಯೂ ಸುಳ್ಳಾಗಿರಲಿಲ್ಲ.

ತಾಯಿಯ ನಂತರ ಎಳೆ ಸೂಜಿಗಲ್ಲಮ್ಮನವರ ಬೆರಳಿಗೆ ಬಂತು. ಅವರು ಕಪ್ಪತಗುಡ್ಡದ ನೆತ್ತಿಯ ಮೇಲೆ ಬೆನ್ನು ನೆಟ್ಟಗೆ ಮಾಡಿ ಕುಳಿತಿರುತ್ತಿದ್ದರು. ಪಾರಿವಾಳ ಬಂದು ದಾರಿ ಕೇಳುತ್ತಿತ್ತು. ಆಮೆ ಬಂದು ದಾರಿ ಕೇಳುತ್ತಿತ್ತು. ದೂರದ ಹಿಮದ ಸೀಮೆಯಿಂದ ಚಳಿಗಾಲ ಕಳೆಯಲು ಬರುವ ಪಟ್ಟೆತಲೆಯ ಹೆಬ್ಬಾತುಗಳೂ ಊರಿಗೆ ಹೊರಡುವ ಮುಂಚೆ ಬಂದು ದಾರಿ ಕೇಳುತ್ತಿದ್ದವು.

ಕೇಳುವುದಕ್ಕೆ ಒಂದು ಕ್ರಮವಿತ್ತು. ಎದುರಿಗೆ ಬಂದು, ರೆಕ್ಕೆ ಮಡಚಿ, ಸ್ಪಷ್ಟವಾಗಿ ಒಂದು ಸಲ ಕೇಳಬೇಕು. ಸೂಜಿಗಲ್ಲಮ್ಮನವರು ಒಂದು ಸಲ ಹೇಳುತ್ತಿದ್ದರು. ಎರಡನೆಯ ಸಲ ಕೇಳಿದವರಿಗೆ ಹೇಳುತ್ತಿರಲಿಲ್ಲ. ಗಮನವಿಟ್ಟು ಕೇಳಿದವರಿಗೆ ಒಂದು ಸಲ ಸಾಕು ಎಂಬುದು ಅವರ ತಾಯಿಯ ಕಾಲದಿಂದ ಬಂದ ನಿಯಮ.

ಆ ವರ್ಷ ಚಳಿಗಾಲ ಮುಗಿಯುತ್ತಿದ್ದ ಹಾಗೆ ಹೆಬ್ಬಾತುಗಳ ಹಿರಿಯಳಾದ ನೀಲವ್ವ ಬಂದಳು. ಹಿಂದೆ ಅವಳ ಬಳಗವೆಲ್ಲ ಸಾಲಾಗಿ ನಿಂತಿತ್ತು. ಅವಳು ಕ್ರಮದಂತೆ ಕೇಳಿದಳು. ಸೂಜಿಗಲ್ಲಮ್ಮನವರು ಬೆರಳು ಎತ್ತಿದರು, ದಿಕ್ಕು ತೋರಿಸಿದರು, ಬೆರಳು ಇಳಿಸಿದರು. ಹೆಬ್ಬಾತುಗಳು ಹಾರಿಹೋದವು.

ಕೆಲವು ದಿನಗಳಲ್ಲೇ ಅವು ತಿರುಗಿ ಬಂದವು. ರೆಕ್ಕೆಗಳು ಜೋತುಬಿದ್ದಿದ್ದವು. ಮೈಮೇಲೆಲ್ಲ ಬಿಳಿ ಉಪ್ಪು ಒಣಗಿತ್ತು.

"ನೀವು ತೋರಿಸಿದ ಕಡೆಗೇ ಹೋದ್ವಿ ಅಮ್ಮಾರೆ," ಎಂದಳು ನೀಲವ್ವ. "ಹಿಮದ ಗುಡ್ಡ ಬರಬೇಕಿತ್ತು. ಸಮುದ್ರ ಬಂತು. ಇಳಿಯೋಕೆ ಒಂದು ಬಂಡೆ ಇಲ್ಲ, ಕುಡಿಯೋಕೆ ಒಂದು ಗುಟುಕು ಸಿಹಿನೀರಿಲ್ಲ."

ದಾರಿ ತಪ್ಪಿದ್ದು ನಿಮ್ಮ ರೆಕ್ಕೆಯೇ ಇರಬೇಕು ಎಂದರು ಸೂಜಿಗಲ್ಲಮ್ಮನವರು.

"ಹೊರಡುವಾಗಲೇ ನನಗೆ ಅನುಮಾನ ಬಂದಿತ್ತು. ಬೆರಳು ಒಂಚೂರು ಓರೆಯಾದ ಹಾಗಿತ್ತು. ಆದರೆ ಎರಡನೇ ಸಲ ಕೇಳಿದ್ರೆ ನೀವು ಹೇಳೋದಿಲ್ಲವಲ್ಲ."

ನೀಲವ್ವ ತನ್ನ ಬಳಗವನ್ನು ಕರೆದುಕೊಂಡು ಗುಡ್ಡದ ಬುಡದ ಕೆರೆಗೆ ಇಳಿದಳು. ಅಲ್ಲಿ ಕಾಯುತ್ತೇವೆ, ಆದರೆ ಇನ್ನು ನಿಮ್ಮನ್ನು ನಂಬಿ ಹೊರಡುವುದಿಲ್ಲ ಎಂದು ಹೇಳಿಯೇ ಹೋದಳು. ಬಿಸಿಲು ದಿನದಿನಕ್ಕೆ ಏರುತ್ತಿತ್ತು. ಬೇಗ ಹೊರಡದಿದ್ದರೆ ಹಿಮದ ಸೀಮೆಯ ಹಕ್ಕಿಗಳು ಆ ಸೆಕೆಯಲ್ಲಿ ಉಳಿಯುವ ಹಾಗಿರಲಿಲ್ಲ.

ತಮ್ಮ ಬೆರಳು ಓರೆಯಾಯಿತೇ? ಏಕೆ? ಸೂಜಿಗಲ್ಲಮ್ಮನವರು ಬೆರಳನ್ನು ತಿರುಗಿಸಿ ತಿರುಗಿಸಿ ನೋಡಿದರು. ಬೆರಳು ಚೆನ್ನಾಗಿಯೇ ಇತ್ತು. ಹಾಗಾದರೆ ಎಳೆಯನ್ನು ಯಾರೋ ಎಳೆದಿರಬೇಕು. ಯಾರು?

ಮೊದಲು ಗಾಳಿಯನ್ನು ಕರೆದು ಕೇಳಿದರು. ಸೆರಗು ಎಳೆಯುವುದು ಗಾಳಿಯ ಹಳೆಯ ಚಾಳಿ. ಆದರೆ ಗಾಳಿ ಕೆನ್ನೆ ಮುಟ್ಟಿಕೊಂಡು ಆಣೆ ಮಾಡಿತು. ಆ ಸೆರಗು ಇರುವುದು ಬಹಳ ಮೇಲೆ, ಅಷ್ಟು ಎತ್ತರಕ್ಕೆ ತನಗೆ ಉಸಿರೇ ಸಾಲುವುದಿಲ್ಲ ಎಂದಿತು.

ಆಮೇಲೆ ತುಂಗಭದ್ರೆಯನ್ನು ಕೇಳಿದರು. ನಾನು ನೆಲ ಬಿಟ್ಟು ಎದ್ದವಳೇ ಅಲ್ಲ ಎಂದಳು ತುಂಗಭದ್ರೆ. ನೀವು ಮೇಲಿನವರನ್ನು ಕೇಳಿ ಎಂದೂ ಹೇಳಿದಳು.

ಸಂಜೆ ಚಂದ್ರಪ್ಪ ಗುಡ್ಡದ ಹಿಂದಿನಿಂದ ಎದ್ದು ಬಂದ. ಭೂಮಿಗೆ ಅವನೇ ಹತ್ತಿರದ ನೆರೆಯವನು. ಎಲ್ಲರ ಮನೆಯ ಸುದ್ದಿಯೂ ಅವನಿಗೆ ಬೇಕು.

"ಏನಮ್ಮಾ, ನಿಮ್ಮ ಮನೆಯವರ ಮಾತೂ ತಪ್ಪುತ್ತದಂತೆ," ಎಂದು ನಕ್ಕ. "ಕೆರೆಯಲ್ಲಿ ಕಪ್ಪೆಗಳು ಸಹ ಅದನ್ನೇ ಮಾತಾಡುತ್ತಿವೆ."

ಸೂಜಿಗಲ್ಲಮ್ಮನವರು ಅವನ ನಗು ಮುಗಿಯುವವರೆಗೆ ಕಾದರು. ಮುಗಿದ ಮೇಲೆ, ಹೆಬ್ಬಾತುಗಳು ಹೊರಟ ದಿನ ಮೇಲೇನಾಯಿತು ಎಂದು ಕೇಳಿದರು.

ಚಂದ್ರಪ್ಪನ ಮುಖ ಸಪ್ಪೆಯಾಯಿತು. ಅವನು ಮುಖ ಒರೆಸಿಕೊಂಡು ಎಲ್ಲವನ್ನೂ ಹೇಳಿದ. ಆಗುವುದೆಲ್ಲ ಸೂರ್ಯನ ತಲೆಕೂದಲಿನಿಂದ. ಸೂರ್ಯನಿಗೆ ನಿಂತಲ್ಲಿ ತಿರುಗುವ ಚಟ. ತಿರುಗುವುದಾದರೂ ಒಂದೇ ಹದದಲ್ಲಿ ತಿರುಗುತ್ತಾನೆಯೇ? ಇಲ್ಲ. ನಡು ಬೇಗ ತಿರುಗುತ್ತದೆ, ತಲೆಯೂ ಕಾಲೂ ನಿಧಾನ. ಅವನ ಉದ್ದನೆಯ ಬೆಂಕಿಕೂದಲು ಮೈಗೆ ಸುತ್ತಿ ಸುತ್ತಿ ಸಿಕ್ಕಾಗುತ್ತದೆ. ಸಿಕ್ಕು ಕಟ್ಟಿದಲ್ಲಿ ಕಪ್ಪು ಕಲೆ ಕಾಣುತ್ತದೆ. ಬಾಚಿಕೊಳ್ಳುವ ತಾಳ್ಮೆ ಅವನಿಗಿಲ್ಲ. ಸಿಟ್ಟು ಬಂದಾಗ ಸಿಕ್ಕನ್ನು ಹಿಡಿದು ಜಗ್ಗುತ್ತಾನೆ. ಪಟ್ಟನೆ ಹರಿಯುತ್ತದೆ, ಬೆಂಕಿ ಚಿಮ್ಮುತ್ತದೆ.

"ಮೊದಲು ಬರುವುದು ಬೆಳಕು. ಫಳ್ ಅನ್ನುತ್ತದೆ. ಒಂದೆರಡು ದಿನ ಬಿಟ್ಟು ಹಿಂದಿನಿಂದ ಬಿಸಿ ಧೂಳು ನುಗ್ಗುತ್ತದೆ. ನಿಮಗಾದರೆ ಸೆರಗಿದೆ. ನನಗೇನಿದೆ? ನೇರ ಮುಖಕ್ಕೇ ಬೀಳುತ್ತದೆ."

ಸೂಜಿಗಲ್ಲಮ್ಮನವರಿಗೆ ಎಲ್ಲ ತಿಳಿಯಿತು. ಧೂಳು ಬಂದು ಸೆರಗಿಗೆ ಅಪ್ಪಳಿಸಿದೆ. ಸೆರಗು ಅಲುಗಿದೆ. ಎಳೆ ಅಲುಗಿದೆ. ಬೆರಳು ಅಲುಗಿದೆ. ಹೆಬ್ಬಾತುಗಳು ಸಮುದ್ರಕ್ಕೆ ಹೋಗಿವೆ.

ಮರುದಿನ ಬೆಳಿಗ್ಗೆ ಸೂರ್ಯ ಏರುವುದನ್ನೇ ಕಾದಿದ್ದು, ಅವನು ನೆತ್ತಿಯ ಮೇಲೆ ಬಂದಾಗ ಅವರು ಮಾತೆತ್ತಿದರು. ನಿಮ್ಮ ಸಿಟ್ಟಿನಿಂದ ನಮ್ಮ ಮನೆಯ ಮಾತು ಕೆಟ್ಟಿದೆ ಎಂದರು. ಒಂದು ಬಳಗವೇ ನೀರುಪಾಲಾಗುತ್ತಿತ್ತು ಎಂದರು. ತಪ್ಪಾಯಿತು ಎಂದು ನೀವು ಆ ಹಕ್ಕಿಗಳ ಎದುರಿಗೆ ನನಗೆ ಹೇಳಬೇಕು ಎಂದರು.

"ನನ್ನ ಕೂದಲು, ನನ್ನ ಸಿಕ್ಕು," ಎಂದ ಸೂರ್ಯ. "ನಿಮ್ಮ ಬೆರಳು ಅಲುಗಿದರೆ ನಾನೇನು ಮಾಡಲಿ? ನಾನು ಯಾರೆಂದು ಗೊತ್ತಲ್ಲ?"

"ಗೊತ್ತು. ತಲೆ ಬಾಚಿಕೊಳ್ಳದವರು."

ಸೂರ್ಯ ಮೋಡದ ಹಿಂದೆ ಹೋದ. ಆದರೆ ಆ ಮಾತು ಅವನಿಗೆ ನಾಟಿತ್ತು. ಇಡೀ ಲೋಕಕ್ಕೆ ಬೆಳಕು ಕೊಡುವವನು ಬಾಯಿಬಿಟ್ಟು ತಪ್ಪಾಯಿತು ಎನ್ನುವುದು ಹೇಗೆ? ಅದರ ಬದಲು ರೇಷ್ಮೆ ಕಳಿಸೋಣ ಎಂದುಕೊಂಡ. ಹಸಿರು ಪತ್ತಲ, ಗುಲಾಬಿ ಬಣ್ಣದ ಪತ್ತಲ, ಅಂಚಿಗೆ ನೇರಳೆ. ಅವನ್ನು ಹೊತ್ತು ಅವನ ಆಳುಗಳು ಧೂಳಿನ ಜೊತೆಯಲ್ಲೇ ಓಡಿ ಬಂದರು. ಸೆರಗು ಅವರನ್ನು ಎದುರಿನಿಂದ ಒಳಗೆ ಬಿಡಲಿಲ್ಲ. ಅವರು ಸೆರಗಿನ ಮೇಲೆಯೇ ಜಾರಿ ಜಾರಿ, ಉತ್ತರದ ಗಂಟಿನ ಹತ್ತಿರ ಕೆಲವರು, ದಕ್ಷಿಣದ ಗಂಟಿನ ಹತ್ತಿರ ಕೆಲವರು ಹೋಗಿ ನಿಂತರು. ಅಲ್ಲಿಂದಲೇ ರೇಷ್ಮೆಯನ್ನು ಬಿಚ್ಚಿ ಬೀಸಿ ತೋರಿಸಿದರು. ಆಕಾಶ ತುಂಬ ಹಸಿರು ಅಲೆಯಾಡಿತು.

ಇಂಥ ಚೆಲುವನ್ನು ಯಾರೂ ಕಂಡಿರಲಿಲ್ಲ ಎಂದು ಗಾಳಿ ಓಡಿ ಬಂದು ಹೇಳಿತು. ತೆಗೆದುಕೊಳ್ಳಿ, ಸೂರ್ಯನ ಮನೆಯ ರೇಷ್ಮೆ ಎಲ್ಲರಿಗೂ ಸಿಗುತ್ತದೆಯೇ ಎಂದಿತು.

ಸೂಜಿಗಲ್ಲಮ್ಮನವರು ಕತ್ತು ಕೂಡ ತಿರುಗಿಸಲಿಲ್ಲ.

"ಸೀರೆ ಕೊಡುವವರು ಕುಂಕುಮ ಕೊಟ್ಟು, ನಾಲ್ಕು ಮಾತಾಡಿ ಕೊಡುತ್ತಾರೆ. ಆಳಿನ ಕೈಯಲ್ಲಿ ಹಿತ್ತಿಲಬಾಗಿಲಿಗೆ ಕಳಿಸುವುದಿಲ್ಲ. ಅದು ಅಲ್ಲೇ ಇರಲಿ."

ರೇಷ್ಮೆ ಅಲ್ಲೇ ಉಳಿಯಿತು.

ಆದರೆ ಕೆರೆಯಲ್ಲಿ ಹೆಬ್ಬಾತುಗಳು ಬಾಯಿ ತೆರೆದು ಏದುಸಿರು ಬಿಡುತ್ತಿದ್ದವು. ಸೂರ್ಯ ತಪ್ಪಾಯಿತು ಎನ್ನುವವರೆಗೆ ಕಾದರೆ ಅವು ಉಳಿಯುವುದಿಲ್ಲ. ಸೂಜಿಗಲ್ಲಮ್ಮನವರು ಒಂದು ಮಧ್ಯಾಹ್ನ ಪೂರ್ತಿ ತಾಯಿಯ ಕಾಲದ ನಿಯಮವನ್ನು ತೂಗಿ ನೋಡಿದರು. ಸಂಜೆಗೆ ನೀಲವ್ವನನ್ನು ಕರೆಸಿದರು.

"ಎರಡನೆಯ ಸಲ ಕೇಳು," ಎಂದರು.

ನೀಲವ್ವ ಬೆರಗಾದಳು. ಆದರೂ ರೆಕ್ಕೆ ಮಡಚಿ ಕೇಳಿದಳು. ಸೂಜಿಗಲ್ಲಮ್ಮನವರು ತಟ್ಟನೆ ತೋರಿಸಲಿಲ್ಲ. ಬೆರಳನ್ನು ಸಡಿಲ ಬಿಟ್ಟರು. ಅದು ಆ ಕಡೆ ತೂಗಿತು, ಈ ಕಡೆ ತೂಗಿತು, ಸಣ್ಣಗೆ ನಡುಗಿತು, ಆಮೇಲೆ ನಿಂತಿತು. ನಿಂತ ಮೇಲೆ, ಇದು ಉತ್ತರ ಎಂದರು. ನಡುಗುತ್ತಿರುವಾಗ ನನ್ನನ್ನು ನಂಬಬೇಡ, ನಿಂತ ಮೇಲೆ ನಂಬು ಎಂದೂ ಹೇಳಿದರು. ಎಷ್ಟು ಸಲವಾದರೂ ಕೇಳಬಹುದು ಎಂದೂ ಹೇಳಿದರು. ಈ ಕೊನೆಯ ಮಾತು ಹೇಳುವಾಗ ಅವರ ದನಿ ಸ್ವಲ್ಪ ತಗ್ಗಿತ್ತು.

ನೀಲವ್ವ ಒಪ್ಪಿದಳು. ಆದರೆ ಬುದ್ಧಿವಂತೆ. ದಾರಿಯಲ್ಲಿ ನಕ್ಷತ್ರಗಳನ್ನೂ ಒಂದು ಮಾತು ಕೇಳಿಕೊಳ್ಳುತ್ತೇವೆ ಅಮ್ಮಾರೆ, ಬೇಜಾರು ಮಾಡಿಕೊಳ್ಳಬೇಡಿ ಎಂದಳು.

ಹೆಬ್ಬಾತುಗಳು ಹಿಮದ ಸೀಮೆಯನ್ನು ಮುಟ್ಟಿದವು. ಮರಿ ಮಾಡಿದವು. ಮರುವರ್ಷ ತಿರುಗಿ ಬಂದವು. ಆದರೆ ಅಂದಿನಿಂದ ಇಂದಿನವರೆಗೂ ಹಕ್ಕಿಗಳು ಸೂಜಿಗಲ್ಲಮ್ಮನವರನ್ನು ಕೇಳಿ, ಆಮೇಲೆ ನಕ್ಷತ್ರಗಳನ್ನೂ ಕೇಳುತ್ತವೆ. ಆ ಮನೆತನದ ಒಂದು ಮಾತೇ ಸಾಕಾಗಿದ್ದ ಕಾಲ ಹೋಯಿತು.

ಸೂರ್ಯ ಇನ್ನೂ ತಲೆ ಬಾಚಿಕೊಂಡಿಲ್ಲ. ಅವನು ಸಿಕ್ಕು ಜಗ್ಗಿದಾಗಲೆಲ್ಲ ಇಲ್ಲಿ ರೇಡಿಯೋ ಗೊರಗೊರ ಎನ್ನುತ್ತದೆ, ಪಾರಿವಾಳಗಳು ಗೂಡು ಸಿಗದೆ ಸುತ್ತುತ್ತವೆ, ಭೂಮಿಯ ಎರಡು ತುದಿಗಳಲ್ಲಿ ಯಾರೂ ಮುಟ್ಟದ ಹಸಿರು ರೇಷ್ಮೆ ಆಕಾಶದಲ್ಲಿ ಅಲೆಯಾಡುತ್ತದೆ. ನೀವು ದಿಕ್ಸೂಚಿಯನ್ನು ಅಂಗೈಮೇಲೆ ಇಟ್ಟು ನೋಡಿ. ಅದರ ಮುಳ್ಳು ಮೊದಲು ತೂಗಿ, ನಡುಗಿ, ಆಮೇಲೆ ನೆಟ್ಟಗೆ ನಿಲ್ಲುವುದು ಸೂಜಿಗಲ್ಲಮ್ಮನವರು ತಮ್ಮ ಪಾಲಿನ ತಪ್ಪನ್ನು ತಿದ್ದಿಕೊಂಡಿರುವುದರಿಂದ. ಇನ್ನು ಉಳಿದಿರುವುದು ಸೂರ್ಯನ ಪಾಲು. ಅವನು ತಪ್ಪಾಯಿತು ಎಂದು ಹೇಳಬೇಕು.